ನೀಲಗಿರಿಯಲ್ಲಿ ಕಾಲ ನಿಂತಿಲ್ಲ

ಗುಂಡ್ಲುಪೇಟೆ ದಾಟಿ, ಬಂಡೀಪುರದ ಕಾಡಿನ ನಡುವೆ ಸಾಗಿ, ಕೆಕ್ಕನಹಳ್ಳದ ಗಡಿಯಲ್ಲಿ ತಮಿಳುನಾಡಿಗೆ ಕಾಲಿಡುವ ಕನ್ನಡಿಗರ ಬಾಯಲ್ಲಿ ಒಂದು ಮಾತು ಮತ್ತೆ ಮತ್ತೆ ಬರುತ್ತದೆ: ಇಲ್ಲಿ ಕಾಲ ನಿಂತುಬಿಟ್ಟಿದೆ. ಮಸಿನಗುಡಿಯ ಕುರುಚಲು ಕಾಡಿನಲ್ಲಿ ಆನೆಯ ಹಿಂಡು ಕಂಡವರು ಹೀಗೆನ್ನುತ್ತಾರೆ. ಕಲ್ಲಟ್ಟಿಯ ತಿರುವುಗಳನ್ನು ಹತ್ತಿ ಊಟಿ ಸೇರಿ, ಮಂಜು ಮುಸುಕಿದ ಶೋಲಾ ಕಾಡಿನ ಅಂಚಿನಲ್ಲಿ ನಿಂತವರೂ ಹೀಗೇ ಅನ್ನುತ್ತಾರೆ. ಪ್ರವಾಸಕಥನಗಳಲ್ಲಿ ಈ ಮಾತಿದೆ, ಹೋಂಸ್ಟೇಗಳ ಜಾಹೀರಾತಿನಲ್ಲಿದೆ, ಪರಿಸರದ ಬಗ್ಗೆ ನಿಜವಾದ ಕಳಕಳಿಯುಳ್ಳ ಗೆಳೆಯರ ಭಾಷಣಗಳಲ್ಲೂ ಇದೆ. ಇದರ ಹಿಂದಿರುವ ಬೆರಗನ್ನು ನಾನು ಗೌರವಿಸುತ್ತೇನೆ. ಊರಿನ ಗದ್ದಲದಿಂದ ಬಂದವರಿಗೆ ಆ ಮೌನ ಬೇರೆ ಲೋಕದಂತೆ ಕಾಣುವುದು ಸಹಜ.

ಆದರೂ ಈ ಮಾತನ್ನು ನಾನು ಒಪ್ಪಲಾರೆ. ಅದು ನಿಜವಲ್ಲ ಎಂಬುದು ಒಂದು ಕಾರಣ. ಅದರಿಂದ ಕಾಡಿಗೆ ಕೆಡುಕಾಗುತ್ತದೆ ಎಂಬುದು ಇನ್ನೂ ದೊಡ್ಡ ಕಾರಣ. ಕಾಲ ನಿಂತಿದೆ ಎಂದು ಒಮ್ಮೆ ನಂಬಿದ ಮೇಲೆ ಅಲ್ಲಿ ಏನು ಬದಲಾಯಿತು, ಯಾವಾಗ ಬದಲಾಯಿತು, ಯಾರಿಂದ ಬದಲಾಯಿತು ಎಂಬ ಪ್ರಶ್ನೆಗಳು ಹುಟ್ಟುವುದೇ ಇಲ್ಲ. ಯಾರೂ ಕೇಳದ ಬದಲಾವಣೆಗೆ ಯಾರೂ ಹೊಣೆಯಾಗುವುದಿಲ್ಲ.

ಕಾಲ ವಿಚಿತ್ರವಾಗಿ ನಡೆದುಕೊಳ್ಳುವ ಲೋಕದ ಕಲ್ಪನೆ ನಮಗೆ ಹೊಸದೇನೂ ಅಲ್ಲ. ಭಾಗವತದಲ್ಲಿ ಕುಶಸ್ಥಲಿಯ ಅರಸ ಕಕುದ್ಮಿಯ ಕಥೆ ಬರುತ್ತದೆ. ಮಗಳು ರೇವತಿಗೆ ತಕ್ಕ ವರ ಯಾರೆಂದು ಕೇಳಲು ಅವನು ಅವಳೊಡನೆ ಬ್ರಹ್ಮಲೋಕಕ್ಕೆ ಹೋಗುತ್ತಾನೆ. ಅಲ್ಲಿ ಗಂಧರ್ವರ ಗಾನ ನಡೆದಿರುತ್ತದೆ. ಅದು ಮುಗಿಯುವವರೆಗೆ ಕಾಯುತ್ತಾನೆ, ಅಷ್ಟೇ. ಅಷ್ಟರಲ್ಲಿ ಭೂಮಿಯ ಮೇಲೆ 27 ಚತುರ್ಯುಗಗಳು ಕಳೆದಿರುತ್ತವೆ. ಅವನು ಮನಸ್ಸಿನಲ್ಲಿಟ್ಟುಕೊಂಡಿದ್ದ ವರರು, ಅವರ ಮಕ್ಕಳು, ಮೊಮ್ಮಕ್ಕಳು ಯಾರೂ ಉಳಿದಿರುವುದಿಲ್ಲ. ಮುಚುಕುಂದನದು ಇನ್ನೊಂದು ಕಥೆ. ಗುಹೆಯಲ್ಲಿ ಯುಗಗಟ್ಟಲೆ ಮಲಗಿದ್ದ ಆ ರಾಜ ಎಚ್ಚೆತ್ತು ಹೊರಬಂದು ಸುತ್ತ ನೋಡುತ್ತಾನೆ. ಮನುಷ್ಯರು, ಪ್ರಾಣಿಗಳು, ಗಿಡಮರಗಳು ಎಲ್ಲವೂ ಕುಗ್ಗಿರುವುದನ್ನು ಕಂಡು ಕಲಿಯುಗ ಬಂದಿದೆ ಎಂದು ತಿಳಿಯುತ್ತಾನೆ.

ಈ ಎರಡು ಕಥೆಗಳಲ್ಲಿ ಎಲ್ಲಿಯೂ ಕಾಲ ನಿಲ್ಲುವುದಿಲ್ಲ. ಅದರ ಅಳತೆ ಬೇರೆಯಾಗುತ್ತದೆ, ಅಷ್ಟೇ. ಮುಚುಕುಂದನಂತೂ ಕಾಲವನ್ನು ತಿಳಿದದ್ದೇ ಗಿಡಮರಗಳನ್ನು ನೋಡಿ. ಮರವನ್ನು ಕಂಡು ಯುಗ ಬದಲಾಗಿದೆ ಎಂದು ಗುರುತಿಸಬಲ್ಲ ದೃಷ್ಟಿ ನಮ್ಮ ಪುರಾಣಕಾರರಿಗೆ ಇತ್ತು. ಮರ ಕಂಡೊಡನೆ ಕಾಲವನ್ನೇ ಮರೆಯುವ ನಮ್ಮ ಪ್ರವಾಸಕಥನಗಳು ಆ ದೃಷ್ಟಿಯನ್ನು ಕಳೆದುಕೊಂಡಿವೆ.

ಈಗ ನೀಲಗಿರಿಯ ನೆಲವೇ ಏನು ಹೇಳುತ್ತದೆ ನೋಡೋಣ. ಎತ್ತರದ ಗುಡ್ಡಗಳ ಕಣಿವೆಗಳಲ್ಲಿ ಜೌಗು ಇದೆ. ನೀರು ನಿಂತ ಆ ನೆಲದಲ್ಲಿ ಸತ್ತ ಗಿಡಗಳು ಪೂರ್ತಿ ಕೊಳೆಯದೆ ಪದರ ಪದರವಾಗಿ ಕಪ್ಪು ಮಣ್ಣಾಗಿ ಉಳಿಯುತ್ತವೆ. ವಿಜ್ಞಾನಿಗಳು ಇದನ್ನು ಪೀಟ್ ಎನ್ನುತ್ತಾರೆ. ಬಿಸಿಲುನಾಡಿನ ಹೆಚ್ಚಿನ ಹುಲ್ಲುಗಳೂ ಕಾಡಿನ ಮರಗಳೂ ಗಾಳಿಯ ಇಂಗಾಲವನ್ನು ಹೀರಿಕೊಳ್ಳುವ ಬಗೆ ಒಂದೇ ಅಲ್ಲ. ಆ ವ್ಯತ್ಯಾಸದ ಗುರುತು ಇಂಗಾಲದ ಐಸೊಟೋಪ್‌ಗಳ ಪ್ರಮಾಣದಲ್ಲಿ ಉಳಿಯುತ್ತದೆ. ಹೀಗಾಗಿ ಪದರವೊಂದನ್ನು ತೆಗೆದು ಪರೀಕ್ಷಿಸಿದರೆ ಆ ಕಾಲದಲ್ಲಿ ಅಲ್ಲಿ ಹುಲ್ಲು ಹೆಚ್ಚಿತ್ತೋ ಮರಗಿಡ ಹೆಚ್ಚಿತ್ತೋ ಎಂದು ತಿಳಿಯಬಹುದು. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಆರ್. ಸುಕುಮಾರ್ ಮತ್ತು ಅವರ ಜೊತೆಗಾರರು ಈ ಕೆಲಸ ಮಾಡಿ 1993ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಪ್ರಕಟಿಸಿದರು. ಮುಂದೆ ಈ ದಾಖಲೆ ಸುಮಾರು 40,000 ವರ್ಷಗಳಷ್ಟು ಹಿಂದಕ್ಕೆ ಹೋಯಿತು. ಊಟಿಯಿಂದ ಗೂಡಲೂರಿಗೆ ಹೋಗುವ ದಾರಿಯ ಸ್ಯಾಂಡಿನಲ್ಲಾ ಕಣಿವೆಯ ಮಣ್ಣು ಇದಕ್ಕೆ ಸಾಕ್ಷಿ ಒದಗಿಸಿತು.

ಆ ಸಾಕ್ಷಿ ಹೇಳುವುದಿಷ್ಟು. ಸುಮಾರು 20,000 ವರ್ಷಗಳ ಹಿಂದೆ ಹಿಮಯುಗ ತೀವ್ರವಾಗಿದ್ದಾಗ ಇಲ್ಲಿ ಒಣ ಹವೆಯಿತ್ತು, ಹುಲ್ಲಿನ ಕೈ ಮೇಲಾಗಿತ್ತು. ಸುಮಾರು 10,000 ವರ್ಷಗಳ ಹಿಂದೆ ಮುಂಗಾರು ಬಲಗೊಂಡಾಗ ಮರಗಿಡಗಳ ಪಾಲು ಏರಿತು. ಆಮೇಲೆ ಮತ್ತೆ ಒಣಗಾಲ ಬಂತು, ಹುಲ್ಲು ಮರಳಿತು. ಅನಾದಿಯಿಂದ ಹೀಗೇ ಇದೆ ಎಂದು ನಾವು ಕಣ್ತುಂಬಿಕೊಳ್ಳುವ ಗುಡ್ಡದ ಹುಲ್ಲುಗಾವಲು ಮತ್ತು ಕಣಿವೆಯ ಶೋಲಾ, ಇವೆರಡರ ನಡುವಿನ ಗೆರೆ ಹಲವು ಸಲ ಹಿಂದೆ ಮುಂದೆ ಸರಿದಿದೆ. ನಾವು ನೋಡುತ್ತಿರುವುದು ಸಾಗುತ್ತಿರುವ ಪಯಣದ ಒಂದು ಘಟ್ಟವನ್ನು ಮಾತ್ರ.

ಇಂದಿನ ದಿನಗಳಲ್ಲೂ ಈ ಜಿಲ್ಲೆಯಲ್ಲಿ ಕಾಲ ಒಂದೇ ಸಮನೆ ನಡೆಯುವುದಿಲ್ಲ. ಗೂಡಲೂರು ಮತ್ತು ದೇವಾಲದ ಕಡೆ ನೈಋತ್ಯ ಮುಂಗಾರು ಜೂನ್‌ನಿಂದ ಎಡೆಬಿಡದೆ ಸುರಿಯುತ್ತದೆ. ತೆಪ್ಪಕಾಡಿನ ಮೂಲಕ ಮಸಿನಗುಡಿಗೆ ಬಂದರೆ, ಅಷ್ಟು ಹತ್ತಿರದಲ್ಲೇ, ಮಳೆಯ ನೆರಳಿನ ಮುಳ್ಳುಕಾಡು. ಕೂನೂರು, ಕೋಟಗಿರಿಗಳ ಕಡೆ ಅಕ್ಟೋಬರ್, ನವೆಂಬರ್‌ಗಳ ಹಿಂಗಾರಿಗೆ ಕಾಯಬೇಕು. ಒಂದೇ ತಿಂಗಳಲ್ಲಿ ಒಂದು ಕಡೆ ಗದ್ದೆಗೆ ನೀರು ತುಂಬಿರುತ್ತದೆ, ಇನ್ನೊಂದು ಕಡೆ ಆನೆಗಳು ಮೋಯಾರ್ ಹೊಳೆಯ ನೀರನ್ನು ಹುಡುಕಿ ನಡೆಯುತ್ತಿರುತ್ತವೆ. ಜಿಲ್ಲೆಯೊಂದೇ, ಋತುಮಾನ ಮೂರು.

ಗಿಡಗಳ ಕಾಲವಂತೂ ನಮ್ಮ ಪಂಚಾಂಗಕ್ಕೆ ಸಿಗುವುದಿಲ್ಲ. ನೀಲಕುರಿಂಜಿ 12 ವರ್ಷಕ್ಕೊಮ್ಮೆ ಗುಡ್ಡಗುಡ್ಡವನ್ನೇ ಆವರಿಸಿ ಅರಳುತ್ತದೆ, ಬೀಜ ಕಟ್ಟುತ್ತದೆ, ಆ ಪೀಳಿಗೆಯೆಲ್ಲ ಸಾಯುತ್ತದೆ. ಮುನ್ನಾರಿನ ಗುಡ್ಡಗಳಲ್ಲಿ 2006ರಲ್ಲಿ, ಮತ್ತೆ 2018ರಲ್ಲಿ ಅರಳಿದ್ದನ್ನು ನೋಡಲು ಕರ್ನಾಟಕದಿಂದ ಬಸ್ಸು ಬಸ್ಸಾಗಿ ಜನ ಹೋದರು. ಕುರಿಂಜಿಯ ಜಾತಿಯಲ್ಲೇ ಬೇರೆ ಬೇರೆ ಅವಧಿಗೆ ಅರಳುವ ಗಿಡಗಳೂ ಇವೆ. ಮುದುಮಲೈ, ಬಂಡೀಪುರ, ವಯನಾಡುಗಳ ಹೆಬ್ಬಿದಿರು ಸುಮಾರು ನಾಲ್ಕು ದಶಕಕ್ಕೊಮ್ಮೆ ಹೂಬಿಟ್ಟು, ಬಿದಿರಕ್ಕಿ ಸುರಿಸಿ, ಮೆಳೆ ಮೆಳೆಯೇ ಒಣಗಿ ಬೀಳುತ್ತದೆ. ಮನುಷ್ಯನೊಬ್ಬ ಬದುಕಿನಲ್ಲಿ ಒಂದು ಸಲ, ಹೆಚ್ಚೆಂದರೆ ಎರಡು ಸಲ ಅದನ್ನು ಕಾಣಬಹುದು. ಶೋಲಾ ಸಸಿಗಳಿಗೆ ಒಂದು ರಾತ್ರಿಯೂ ನಿರ್ಣಾಯಕವೇ. ಡಿಸೆಂಬರ್, ಜನವರಿಯಲ್ಲಿ ಊಟಿಯ ತಗ್ಗುಗಳಲ್ಲಿ ಹುಲ್ಲಿನ ಮೇಲೆ ಹಿಮ ಹೆಪ್ಪುಗಟ್ಟಿದರೆ ಬಯಲಿಗೆ ಬಂದ ಎಳೆಯ ಸಸಿ ಕರಟಿಹೋಗುತ್ತದೆ. ಕಾಡು ಹುಲ್ಲುಗಾವಲಿಗೆ ನುಗ್ಗದಂತೆ ತಡೆಯುವ ಬಲವಾದ ಕಾರಣಗಳಲ್ಲಿ ಇದೂ ಒಂದು ಎಂದು ಹೇಳುವ ವಿಜ್ಞಾನಿಗಳಿದ್ದಾರೆ. ಒಂದು ರಾತ್ರಿ, 12 ವರ್ಷ, ನಾಲ್ಕು ದಶಕ, ಹತ್ತು ಸಾವಿರ ವರ್ಷ: ಇಷ್ಟೂ ಅಳತೆಗಳು ಒಂದೇ ಬೆಟ್ಟದಲ್ಲಿ ಒಟ್ಟಿಗೆ ನಡೆದಿವೆ. ವಾರಾಂತ್ಯದ ಎರಡು ದಿನಕ್ಕೆ ಬಂದವರಿಗೆ ಇವುಗಳಲ್ಲಿ ಯಾವುದರ ಚಲನೆಯೂ ಕಾಣುವುದಿಲ್ಲ. ಆದ್ದರಿಂದಲೇ ಎಲ್ಲವೂ ನಿಂತಂತೆ ಕಾಣುತ್ತದೆ.

ನನ್ನ ವಾದಕ್ಕೆ ಎದುರಾಗಿ ಹೇಳಬಹುದಾದ ಮಾತುಗಳಿವೆ. ಅವುಗಳನ್ನು ಪೂರ್ತಿ ಕೇಳಿಸಿಕೊಳ್ಳುವುದು ನ್ಯಾಯ.

ಮೊದಲನೆಯದು: ಇಲ್ಲಿ ನಿಜವಾಗಿಯೂ ಹಳೆಯ ಕಾಲದ ಉಳಿಕೆಗಳಿವೆ ಎಂಬುದು. ಹೌದು, ಇವೆ. ಹಿಮಾಲಯದಲ್ಲಿ ಬೆಳೆಯುವ ಕೆಂಪು ಹೂವಿನ ರೋಡೋಡೆಂಡ್ರಾನ್‌ನ ಒಳಜಾತಿಯೊಂದು ನೀಲಗಿರಿಯ ಹುಲ್ಲುಗಾವಲಿನಲ್ಲಿದೆ. ನಡುವಿನ ಸಾವಿರಾರು ಕಿಲೋಮೀಟರ್ ಬಯಲಿನಲ್ಲಿ ಅದು ಎಲ್ಲಿಯೂ ಇಲ್ಲ. ತಂಪು ಯುಗದಲ್ಲಿ ಹರಡಿ, ಬಿಸಿ ಏರಿದಾಗ ಎತ್ತರಕ್ಕೆ ಸರಿದು ಉಳಿದ ಮರವಿದು ಎಂಬ ವಿವರಣೆ ನಂಬಲರ್ಹವಾಗಿದೆ. ಆದರೆ ಈ ಮರ ಅಲ್ಲಿ ಉಳಿದಿರುವುದೇ ಕಾಲ ಓಡಿದ್ದಕ್ಕೆ ಪುರಾವೆ. ಊಟಿಯ ಸರ್ಕಾರಿ ಸಸ್ಯೋದ್ಯಾನಕ್ಕೆ ಹೋದವರು ಅಲ್ಲಿ ಕಲ್ಲಾಗಿರುವ ಮರದ ಕಾಂಡವೊಂದನ್ನು ನೋಡಿರಬಹುದು. ಸುಮಾರು ಎರಡು ಕೋಟಿ ವರ್ಷ ಹಳೆಯದೆಂದು ಹೇಳುತ್ತಾರೆ. ಕಾಲ ನಿಂತುಹೋದ ಮರ ಅದು. ಹಸಿರಾಗಿರುವ ಯಾವ ಮರಕ್ಕೂ ಕಾಲ ನಿಂತಿಲ್ಲ.

ಎರಡನೆಯದು ಇನ್ನೂ ಗಟ್ಟಿಯಾದ ವಾದ. ಬೆರಗಿಲ್ಲದೆ ಕಾಳಜಿ ಹುಟ್ಟದು, ಅನಾದಿ ಕಾಡು ಎಂಬ ಭಾವನೆಯೇ ಎಷ್ಟೋ ಕಾಡುಗಳನ್ನು ಉಳಿಸಿತು ಎನ್ನುವವರು ಸೈಲೆಂಟ್ ವ್ಯಾಲಿಯ ಕಡೆ ಬೊಟ್ಟು ಮಾಡುತ್ತಾರೆ. ನೀಲಗಿರಿ ಬೆಟ್ಟಸಾಲಿನ ನೈಋತ್ಯ ಮೂಲೆಯಲ್ಲಿ, ಕೇರಳದ ಪಾಲಕ್ಕಾಡ್ ಜಿಲ್ಲೆಯಲ್ಲಿರುವ ಆ ಕಾಡನ್ನು ಮುಳುಗಿಸಲಿದ್ದ ಜಲವಿದ್ಯುತ್ ಯೋಜನೆಯ ವಿರುದ್ಧ ಶಿಕ್ಷಕರು, ಕವಿಗಳು, ವಿಜ್ಞಾನಿಗಳು ಒಟ್ಟಾಗಿ ನಿಂತರು. 1984ರಲ್ಲಿ ಅದು ರಾಷ್ಟ್ರೀಯ ಉದ್ಯಾನವಾಯಿತು. ಲಕ್ಷಾಂತರ ವರ್ಷಗಳ ಕಾಡು ಎಂಬ ಮಾತು ಆ ಹೋರಾಟಕ್ಕೆ ಬಲ ಕೊಟ್ಟಿತು ಎಂಬುದನ್ನು ನಾನು ಸಂತೋಷದಿಂದ ಒಪ್ಪುತ್ತೇನೆ. ಆದರೆ ಅಣೆಕಟ್ಟಿಗೆ ನಕಾಶೆಯಿರುತ್ತದೆ, ಟೆಂಡರ್ ಇರುತ್ತದೆ, ಶಂಕುಸ್ಥಾಪನೆಯ ದಿನ ಗೊತ್ತಿರುತ್ತದೆ. ಅಂಥ ಅಪಾಯ ಎಲ್ಲರ ಕಣ್ಣಿಗೂ ಕಾಣುತ್ತದೆ, ಅದರ ಎದುರು ಬೆರಗು ಸಾಕಾಗಬಹುದು. ದಿನಾಂಕವಿಲ್ಲದೆ, ಸದ್ದಿಲ್ಲದೆ, ಐವತ್ತು ವರ್ಷ ಹಿಡಿದು ಬರುವ ಅಪಾಯವನ್ನು ಕಾಣಲು ಬೆರಗಷ್ಟೇ ಸಾಲದು. ನೀಲಗಿರಿಯ ಹೆಚ್ಚಿನ ನಷ್ಟ ಬಂದದ್ದು ಈ ಎರಡನೆಯ ದಾರಿಯಲ್ಲಿ.

ಹುಲ್ಲುಗಾವಲಿನ ಕಥೆಯನ್ನೇ ನೋಡಿ. ಕೊಯಮತ್ತೂರಿನ ಕಲೆಕ್ಟರ್ ಜಾನ್ ಸಲಿವನ್ 1819ರಲ್ಲಿ ಈ ಬೆಟ್ಟ ಹತ್ತಿದ. ಆಮೇಲಿನ ವರ್ಷಗಳಲ್ಲಿ ಊಟಿ ಎದ್ದಿತು. ಬಂದ ಆಂಗ್ಲರ ಕಣ್ಣಿಗೆ ಮರವಿಲ್ಲದ ಹುಲ್ಲುಗುಡ್ಡ ಪಾಳು ನೆಲವಾಗಿ ಕಂಡಿತು. ಏನೂ ನಡೆಯದ, ಯಾರೂ ಬಳಸದ ಜಾಗವೆಂದು ಎಣಿಸಿ ಅವರು ಆಸ್ಟ್ರೇಲಿಯಾದ ವ್ಯಾಟಲ್ ತಂದರು. ಕನ್ನಡದಲ್ಲಿ ನಾವು ನೀಲಗಿರಿ ಮರ ಎಂದೇ ಕರೆಯುವ ಯೂಕಲಿಪ್ಟಸ್ ಕೂಡ ಆಸ್ಟ್ರೇಲಿಯಾದಿಂದಲೇ 1840ರ ದಶಕದಲ್ಲಿ ಇಲ್ಲಿಗೆ ಬಂತು. ಮೊದಲು ಉರುವಲಿಗೆಂದು, ಮುಂದೆ ತೊಗಲು ಹದಮಾಡುವ ತೊಗಟೆಗೆಂದು, ಸ್ವಾತಂತ್ರ್ಯಾನಂತರ ಕಾರ್ಖಾನೆಗಳ ತಿರುಳಿಗೆಂದು ನೆಡುತೋಪುಗಳು ಹಬ್ಬಿದವು. ಹುಲ್ಲು ಹಿಡಿದಿಟ್ಟುಕೊಂಡಿದ್ದ ನೀರು, ಎಮ್ಮೆಗಳ ಮೇವು, ಇಲ್ಲಿನ ತೋಡ ಬುಡಕಟ್ಟಿನವರು ತಮ್ಮ ಕಮಾನಿನಾಕಾರದ ಗುಡಿಗಳಿಗೆ ಹೊದಿಸುವ ಜೌಗುಹುಲ್ಲು, ನೀಲಗಿರಿ ವರೆಯಾಡು ಎಂಬ ಕಾಡುಮೇಕೆಯ ನೆಲೆ, ಎಲ್ಲಕ್ಕೂ ಪೆಟ್ಟು ಬಿತ್ತು.

ಇಂದು ಊಟಿಯಲ್ಲಿ ನೆರಳು ನೆರಳಾದ ವ್ಯಾಟಲ್ ತೋಪಿನೊಳಗೆ ನಿಂತು ಕಾಲ ನಿಂತಿದೆ ಎನ್ನುವವರು ನೋಡುತ್ತಿರುವುದು ಬಹುಪಾಲು ಕಳೆದ ಶತಮಾನದ ಕಾಡನ್ನು. ಅದಕ್ಕೆ ನಮ್ಮ ಅಜ್ಜಂದಿರ ವಯಸ್ಸೂ ಇರಲಾರದು. ಅದನ್ನು ಕಡಿದುಬಿಟ್ಟರೆ ಮುಗಿಯಿತು ಎಂದು ತಿಳಿಯುವುದೂ ತಪ್ಪಾದೀತು. ವ್ಯಾಟಲ್ ಬೀಜ ಮಣ್ಣಿನಲ್ಲಿ ದಶಕಗಟ್ಟಲೆ ಸುಮ್ಮನೆ ಬಿದ್ದಿರಬಲ್ಲದು. ಮರ ಬಿದ್ದು ಬಿಸಿಲು ತಾಗಿದರೆ, ಬೆಂಕಿ ಸುಳಿದರೆ, ಒಮ್ಮೆಲೇ ಮೊಳೆತು ಏಳುತ್ತದೆ. ಇನ್ನೊಂದು ಕಡೆ, ಹಳೆಯ ತೋಪುಗಳ ನೆರಳಿನಲ್ಲಿ ಶೋಲಾ ಮರಗಳ ಸಸಿಗಳು ತಾವಾಗಿಯೇ ಬೆಳೆಯುತ್ತಿರುವುದನ್ನೂ ಸಂಶೋಧಕರು ದಾಖಲಿಸಿದ್ದಾರೆ. ಅಂಥಲ್ಲಿ ಅವಸರದ ಕೊಡಲಿ ಆ ಸಸಿಗಳನ್ನೇ ಕೊಲ್ಲುತ್ತದೆ. ಹುಲ್ಲು ಇನ್ನೂ ಉಳಿದಿರುವ ಅಂಚಿನಲ್ಲಿ ಎಳೆಯ ವ್ಯಾಟಲ್ ಕೂಡಲೇ ಕೀಳಬೇಕು. ಶೋಲಾ ಮೊಳೆತಿರುವ ಹಳೆಯ ತೋಪಿನಲ್ಲಿ ತಾಳ್ಮೆ ಬೇಕು. ಯಾವುದು ಎಲ್ಲಿ ಎಂದು ತಿಳಿಯಲು ಆ ತುಂಡು ನೆಲದ ಚರಿತ್ರೆ ಗೊತ್ತಿರಬೇಕು. ಕಾಲವೇ ಇಲ್ಲದ ಕಾಡು ಎಂದುಕೊಂಡವರಿಗೆ ಆ ಚರಿತ್ರೆಯನ್ನು ಹುಡುಕುವ ಮನಸ್ಸು ಬರುವುದಾದರೂ ಹೇಗೆ?

ಕೆಳಗಿನ ಕಾಡಿನದು ಲಂಟಾನದ ಕಥೆ. ಹೂವಿನ ಅಂದಕ್ಕೆಂದು 19ನೇ ಶತಮಾನದ ಆರಂಭದಲ್ಲಿ ಭಾರತಕ್ಕೆ ಬಂದ ಈ ಅಮೆರಿಕದ ಗಿಡ ಮುದುಮಲೈ, ಬಂಡೀಪುರ, ಬಿಳಿಗಿರಿರಂಗನ ಬೆಟ್ಟಗಳಲ್ಲಿ ಜಿಂಕೆಯೂ ನುಗ್ಗಲಾರದ ಪೊದೆಯಾಗಿ ಹಬ್ಬಿದೆ. ಬಿಳಿಗಿರಿರಂಗನ ಬೆಟ್ಟದ ಸೋಲಿಗರು ಇದರ ಬಗ್ಗೆ ಹೇಳುವುದನ್ನು ನಾವು ಗಮನವಿಟ್ಟು ಕೇಳಬೇಕು. ಅವರ ಹಿರಿಯರು ಬೇಸಿಗೆಯ ಆರಂಭದಲ್ಲಿ ನೆಲದ ತರಗೆಲೆಗೆ ಸಣ್ಣ ಬೆಂಕಿ ಹಾಕುತ್ತಿದ್ದರು. ಅದಕ್ಕೆ ತರಗುಬೆಂಕಿ ಎಂದು ಹೆಸರು. ಮರಕ್ಕೆ ತಾಗದ ಆ ಬೆಂಕಿ ಲಂಟಾನದ ಎಳೆಯ ಸಸಿಗಳನ್ನೂ ನೆಲ್ಲಿಮರದ ಬಂದಳಿಕೆಯನ್ನೂ ಹದ್ದುಬಸ್ತಿನಲ್ಲಿಡುತ್ತಿತ್ತು, ಅಭಯಾರಣ್ಯವಾಗಿ ಬೆಂಕಿ ನಿಷೇಧವಾದ ಮೇಲೆ ಲಂಟಾನ ಮಿತಿಮೀರಿತು ಎಂಬುದು ಅವರ ಅನುಭವ. ಬೆಂಕಿಯೇ ಲಂಟಾನಕ್ಕೆ ದಾರಿ ಮಾಡಿಕೊಡುತ್ತದೆ ಎನ್ನುವ ವಿಜ್ಞಾನಿಗಳೂ ಇದ್ದಾರೆ. ಇಬ್ಬರ ಮಾತೂ ಪರೀಕ್ಷೆಗೆ ಅರ್ಹ. ಯಾವ ತಿಂಗಳ ಬೆಂಕಿ, ಎಷ್ಟು ವರ್ಷಕ್ಕೊಮ್ಮೆ, ಲಂಟಾನ ಎಷ್ಟು ಬೆಳೆದ ಮೇಲೆ ಎಂಬುದರ ಮೇಲೆ ಉತ್ತರ ನಿಂತಿದೆ. ಇದೂ ಕಾಲದ ಪ್ರಶ್ನೆಯೇ. 2019ರ ಫೆಬ್ರವರಿಯಲ್ಲಿ ಬಂಡೀಪುರ ಹೊತ್ತಿ ಉರಿದು ಸಾವಿರಾರು ಎಕರೆ ಬೂದಿಯಾಯಿತು. ಒಣಗಿದ ಲಂಟಾನ ಕೂಡಿಟ್ಟ ಸೌದೆಯಂತಿರುವ ಕಾಡಿನಲ್ಲಿ ಬೆಂಕಿ ನೆಲದಲ್ಲಿ ಹರಿದು ಹೋಗುವುದಿಲ್ಲ, ಮರದ ನೆತ್ತಿಗೇರುತ್ತದೆ. ಇದ್ದ ಹಾಗೇ ಬಿಟ್ಟುಬಿಡಿ, ಕಾಡು ತನ್ನನ್ನು ತಾನೇ ನೋಡಿಕೊಳ್ಳುತ್ತದೆ ಎಂಬ ಸಲಹೆ ಒಳ್ಳೆಯ ಮನಸ್ಸಿನಿಂದ ಬಂದರೂ ಇಂಥ ಕಾಡಿಗೆ ಒದಗುವುದಿಲ್ಲ. ಬಿಟ್ಟುಬಿಡಲು ಇದ್ದ ಹಾಗೇ ಇರುವ ಕಾಡು ಅಲ್ಲಿ ಉಳಿದಿಲ್ಲ.

ಮರಗಳಿಗಿಂತ ದೊಡ್ಡ ಅನ್ಯಾಯ ಆದದ್ದು ಮನುಷ್ಯರಿಗೆ. ಕಾಲವಿಲ್ಲದ ಕಾಡೆಂದ ಮೇಲೆ ಅಲ್ಲಿನ ಜನರನ್ನೂ ಕಾಲವಿಲ್ಲದವರನ್ನಾಗಿ ಮಾಡುವುದು ಸುಲಭ. ನೀಲಗಿರಿಯ ಮೊದಲ ಕಮಿಷನರ್ ಆಗಿದ್ದ ಬ್ರೀಕ್ಸ್ ಇಲ್ಲಿನ ಬುಡಕಟ್ಟುಗಳ ಮತ್ತು ಕಲ್ಗೋರಿಗಳ ಬಗ್ಗೆ ಬರೆದ ಪುಸ್ತಕ 1873ರಲ್ಲಿ ಹೊರಬಂತು. ಅದರ ಹೆಸರಿನಲ್ಲೇ ಈ ಜನರನ್ನು ಆದಿಮರು ಎಂದು ಕರೆಯಲಾಗಿತ್ತು. ಸ್ವತಂತ್ರ ಭಾರತವೂ 1970ರ ದಶಕದಲ್ಲಿ ಅದೇ ವಿಶೇಷಣವನ್ನು ಸರ್ಕಾರಿ ಪಟ್ಟಿಗೆ ಹಾಕಿತು. 2006ರಲ್ಲಿ ಅದನ್ನು ಕೈಬಿಟ್ಟು ವಿಶೇಷವಾಗಿ ದುರ್ಬಲ ಬುಡಕಟ್ಟುಗಳು ಎಂದು ತಿದ್ದಲಾಯಿತು. ತಮಿಳುನಾಡಿನಲ್ಲಿ ಆ ಪಟ್ಟಿಯಲ್ಲಿರುವ ಆರು ಸಮುದಾಯಗಳು, ತೋಡರು, ಕೋತರು, ಕುರುಂಬರು, ಇರುಳರು, ಪಣಿಯರು, ಕಾಟ್ಟುನಾಯಕರು, ನೀಲಗಿರಿಯಲ್ಲಿವೆ.

ಇವರಿಗೆ ಚರಿತ್ರೆಯಿಲ್ಲ ಎನ್ನುವವರು ಚಾಮರಾಜನಗರಕ್ಕೆ ಬರಬೇಕು. ಹೊಯ್ಸಳ ವಿಷ್ಣುವರ್ಧನನ ದಂಡನಾಯಕ ಪುಣಿಸ ತೋಡರನ್ನು ಬೆದರಿಸಿ ನೀಲಾದ್ರಿಯನ್ನು ವಶಪಡಿಸಿಕೊಂಡ ಸಂಗತಿ ಅಲ್ಲಿನ 1117ರ ಶಾಸನದಲ್ಲಿ ದಾಖಲಾಗಿದೆ. ತೋಡರ ಬಗ್ಗೆ ಸಿಗುವ ಅತಿ ಹಳೆಯ ಬರಹದ ಉಲ್ಲೇಖವೆಂದು ವಿದ್ವಾಂಸರು ಇದನ್ನು ಗುರುತಿಸುತ್ತಾರೆ. 1603ರಲ್ಲಿ ಜೆಸುಯಿಟ್ ಪಾದ್ರಿ ಫೆನಿಸಿಯೊ ಈ ಬೆಟ್ಟ ಹತ್ತಿ ಬಂದು ತೋಡರನ್ನೂ ಬಡಗರನ್ನೂ ಕಂಡು ಬರೆದಿಟ್ಟ. ಬಡಗರ ಮಾತಿಗೆ ಕನ್ನಡದೊಡನೆ ಅತಿ ಹತ್ತಿರದ ನಂಟಿದೆ. ಬಡಗಣ ಮೈಸೂರು ಸೀಮೆಯಿಂದ ಬಂದು ಇಲ್ಲಿ ಹಟ್ಟಿ ಕಟ್ಟಿದೆವೆಂಬ ನೆನಪನ್ನು ಅವರು ಕಾಪಾಡಿಕೊಂಡಿದ್ದಾರೆ, ಹೆತ್ತೆ ಹಬ್ಬವನ್ನು ಇಂದಿಗೂ ಆಚರಿಸುತ್ತಾರೆ. ಸಾಮೆ, ರಾಗಿ ಬೆಳೆಯುತ್ತಿದ್ದ ಅದೇ ಹೊಲದಲ್ಲಿ ಆಲೂಗಡ್ಡೆ ಬಂತು, ಕ್ಯಾರೆಟ್ ಬಂತು, ಚಹಾ ಬಂತು, 1960ರ ದಶಕದಿಂದ ಸಹಕಾರಿ ಚಹಾ ಕಾರ್ಖಾನೆಗಳು ಬಂದವು. ತೋಡರ ಹಾಲು, ಕೋತರ ಕಬ್ಬಿಣ ಮತ್ತು ಮಡಕೆ, ಕುರುಂಬರ ಜೇನು, ಬಡಗರ ಧಾನ್ಯ ಒಂದಕ್ಕೊಂದು ಕೊಡುಕೊಳ್ಳುವ ವ್ಯವಸ್ಥೆ ಇಲ್ಲಿ ಬೆಳೆಯಿತು, ನಗದು ಬಂದ ಮೇಲೆ ಕರಗಿತು. ಇಷ್ಟೆಲ್ಲ ಕಂಡ ಜನರನ್ನು ಕಾಲದ ಹೊರಗಿಟ್ಟು ಚಿತ್ರ ತೆಗೆಯುವುದು ಮರ್ಯಾದೆಯ ನಡೆಯಲ್ಲ.

ಇಲ್ಲೊಂದು ನೋವಿನ ವಿರೋಧಾಭಾಸವಿದೆ. ಕಾಲಾತೀತರೆಂದು ನಾವು ಹೊಗಳುವ ಇದೇ ಜನರ ಕೈಯಲ್ಲಿ ಸರ್ಕಾರ ತಾರೀಖು ಕೇಳುತ್ತದೆ. 2006ರ ಅರಣ್ಯ ಹಕ್ಕು ಕಾಯ್ದೆಯ ಪ್ರಕಾರ ಬುಡಕಟ್ಟಿನವರು 2005ರ ಡಿಸೆಂಬರ್ 13ಕ್ಕೆ ಮೊದಲು ಆ ನೆಲದಲ್ಲಿದ್ದುದನ್ನು ತೋರಿಸಬೇಕು. ಇತರ ಅರಣ್ಯವಾಸಿಗಳು ಮೂರು ತಲೆಮಾರು, ಅಂದರೆ 75 ವರ್ಷಗಳ ವಾಸವನ್ನು ತೋರಿಸಬೇಕು. ಕಾಯ್ದೆ ಕೇಳುವುದರಲ್ಲಿ ತಪ್ಪಿಲ್ಲ, ಹಕ್ಕಿಗೆ ಆಧಾರ ಬೇಕು. ಆದರೆ ಅವರ ಚರಿತ್ರೆಯನ್ನು ಬರೆದಿಡುವ ಗೊಡವೆಗೆ ಹೋಗದೆ ಅನಾದಿ ಎಂದು ಅಂಕಿತ ಹಾಕಿದವರು ನಾವು. ದಾಖಲೆಯಿಲ್ಲವೆಂದು ಅರ್ಜಿ ತಳ್ಳಿಹಾಕುವಾಗ ಅದರ ಬೆಲೆ ತೆರುವವರು ಅವರು. ಬಿಳಿಗಿರಿರಂಗನ ಬೆಟ್ಟದ ಸೋಲಿಗರು 2011ರಲ್ಲಿ ಹುಲಿ ರಕ್ಷಿತಾರಣ್ಯದೊಳಗೇ ಸಮುದಾಯ ಅರಣ್ಯ ಹಕ್ಕು ಪಡೆದರು. ತಮ್ಮ ಪವಿತ್ರ ತಾಣಗಳನ್ನು ಒಂದೊಂದಾಗಿ ಗುರುತಿಸಿ ನಕಾಶೆಯ ಮೇಲೆ ಬರೆದದ್ದು ಅವರಿಗೆ ಬಲವಾಯಿತು.

ಹಾಗಾದರೆ ಮಾಡಬೇಕಾದ್ದೇನು? ಉತ್ತರ ಮುದುಮಲೈಯಲ್ಲೇ ಇದೆ. 1988ರಲ್ಲಿ ಭಾರತೀಯ ವಿಜ್ಞಾನ ಸಂಸ್ಥೆಯವರು ಅಲ್ಲಿ 50 ಹೆಕ್ಟೇರ್ ಕಾಡನ್ನು ಗುರುತು ಮಾಡಿದರು. ಒಂದು ಸೆಂಟಿಮೀಟರಿಗಿಂತ ದಪ್ಪ ಕಾಂಡವಿರುವ ಒಂದೊಂದು ಮರಗಿಡವನ್ನೂ ಎಣಿಸಿ, ಅಳೆದು, ನಂಬರ್ ಕೊಟ್ಟರು. ಮೊದಲ ಎಣಿಕೆಯಲ್ಲಿ ಅವು ಸುಮಾರು 25 ಸಾವಿರ ಇದ್ದವು. ಅಂದಿನಿಂದ ವರ್ಷ ವರ್ಷ ಯಾವುದು ಸತ್ತಿತು, ಹೊಸದಾಗಿ ಯಾವುದು ಬಂತು ಎಂದು ನೋಡುತ್ತಾರೆ, ನಾಲ್ಕು ವರ್ಷಕ್ಕೊಮ್ಮೆ ಸುತ್ತಳತೆ ತೆಗೆಯುತ್ತಾರೆ. ಜಗತ್ತಿನ ಹಲವು ದೇಶಗಳ ಕಾಡುಗಳಲ್ಲಿ ಇಂಥ ಎಣಿಕೆ ನಡೆದಿದ್ದು, ಮುದುಮಲೈಯದು ಆ ಸರಣಿಯಲ್ಲಿ ಮೊದಮೊದಲಿನದು. ಈ ಲೆಕ್ಕವಿದ್ದುದರಿಂದಲೇ ಕೈಡಿಯಾ ಎಂಬ ಮರ ಆನೆಗಳ ಬಾಯಿಗೆ ಸಿಕ್ಕಿ ಕೆಲವೇ ವರ್ಷಗಳಲ್ಲಿ ಎಷ್ಟು ವೇಗವಾಗಿ ಕುಸಿಯಿತು ಎಂದು ತಿಳಿಯಿತು. ಬೆಂಕಿ ಬಿದ್ದ ವರ್ಷ ಸಣ್ಣ ಗಿಡಗಳಿಗೂ ದೊಡ್ಡ ಮರಗಳಿಗೂ ಆಗುವ ವ್ಯತ್ಯಾಸ ತಿಳಿಯಿತು. ಜೀಪಿನಲ್ಲಿ ಹಾದುಹೋದವರಿಗೆ 1988ರಲ್ಲೂ ಅದೇ ಕಾಡು, ಇಂದೂ ಅದೇ ಕಾಡು. ಎಣಿಸಿದವರಿಗೆ ಮಾತ್ರ ಬದಲಾವಣೆ ಕಂಡಿತು.

ಎಣಿಸುತ್ತ ಕೂತರೆ ಬೆರಗು ಹಾರಿಹೋಗುತ್ತದೆ ಎಂದು ಕೆಲವರು ಹೇಳಬಹುದು. ನನಗೆ ಹಾಗನ್ನಿಸುವುದಿಲ್ಲ. ಕಾಲಿನ ಕೆಳಗಿನ ಕಪ್ಪು ಮಣ್ಣಿನಲ್ಲಿ 40,000 ವರ್ಷಗಳ ಮಳೆಯ ಕಥೆಯಿದೆ ಎಂದು ತಿಳಿದವನ ಬೆರಗು ಬರಿಯ ಮಂಜನ್ನು ನೋಡಿದವನ ಬೆರಗಿಗಿಂತ ಆಳವಾದದ್ದು, ಬಹುಕಾಲ ಉಳಿಯುವಂಥದ್ದು. ಕಾಡಿನ ವೇಳೆಗೆ ನಾವು ಹೊಂದಿಕೊಳ್ಳಬಲ್ಲೆವು ಎಂಬುದಕ್ಕೂ ಉದಾಹರಣೆಯಿದೆ. ಬಂಡೀಪುರದ ಮೂಲಕ ಊಟಿಗೂ ವಯನಾಡಿಗೂ ಹೋಗುವ ಹೆದ್ದಾರಿಗಳಲ್ಲಿ 2009ರಲ್ಲಿ ರಾತ್ರಿ 9ರಿಂದ ಬೆಳಿಗ್ಗೆ 6ರವರೆಗೆ ವಾಹನ ಸಂಚಾರ ನಿಲ್ಲಿಸಲಾಯಿತು. ಕರ್ನಾಟಕ ಹೈಕೋರ್ಟ್ ಅದನ್ನು ಎತ್ತಿಹಿಡಿಯಿತು. ವಿರೋಧ ಬಂತು, ಒತ್ತಡ ಬಂತು, ನಿಯಮ ಉಳಿಯಿತು. ರಾತ್ರಿ ಕಾಡಿನಲ್ಲಿ ಏನು ನಡೆಯುತ್ತದೆ, ಎಷ್ಟು ಪ್ರಾಣಿಗಳು ಚಕ್ರಕ್ಕೆ ಸಿಕ್ಕಿ ಸಾಯುತ್ತವೆ ಎಂದು ಯಾರೋ ಲೆಕ್ಕ ಇಟ್ಟಿದ್ದರಿಂದ ಅದು ಸಾಧ್ಯವಾಯಿತು.

ಆದ್ದರಿಂದ ನನ್ನ ಕೋರಿಕೆ ಸರಳವಾದದ್ದು. ಅರಣ್ಯ ಇಲಾಖೆಗಳು ಈ ವರ್ಷ ಎಷ್ಟು ಸಸಿ ನೆಟ್ಟೆವು, ಎಷ್ಟು ಹೆಕ್ಟೇರ್ ಲಂಟಾನ ಕಿತ್ತೆವು ಎಂದು ಮಾರ್ಚ್ ಕೊನೆಗೆ ಹೇಳಿ ಮುಗಿಸುವುದು ಸಾಲದು. 12 ವರ್ಷಗಳ ಹಿಂದೆ ನೆಟ್ಟದ್ದು ಎಷ್ಟು ಬದುಕಿದೆ, ಕಿತ್ತ ಜಾಗದಲ್ಲಿ ಈಗ ಏನು ಬೆಳೆದಿದೆ ಎಂದು ಹೇಳುವ ಪದ್ಧತಿ ಬರಬೇಕು. ಮುದುಮಲೈಯಂಥ ಎಣಿಕೆ ಬಂಡೀಪುರ, ನಾಗರಹೊಳೆ, ಬಿಳಿಗಿರಿಗಳಲ್ಲೂ ತಲೆಮಾರುಗಳವರೆಗೆ ನಡೆಯುವಂತೆ ಹಣ ಮೀಸಲಾಗಬೇಕು. ಆ ಎಣಿಕೆಯಲ್ಲಿ ಸೋಲಿಗರು, ಜೇನುಕುರುಬರು, ಬೆಟ್ಟಕುರುಬರು, ಇರುಳರು ಸಂಬಳ ಪಡೆಯುವ, ಹೆಸರು ದಾಖಲಾಗುವ ಪಾಲುದಾರರಾಗಬೇಕು. ನಮ್ಮ ಬರಹಗಾರರು ಕಾಡಿನ ಬಗ್ಗೆ ಬರೆಯುವಾಗ ಇಸವಿ ಹಾಕಿ ಬರೆಯಬೇಕು.

ಓದುಗರಲ್ಲೂ ಒಂದು ವಿನಂತಿ. ಮುಂದಿನ ಸಲ ಊಟಿಗೋ ಮಸಿನಗುಡಿಗೋ ಹೋದಾಗ ಕಣ್ಣಿಗೆ ಚೆಂದ ಕಂಡ ಒಂದು ಮರವನ್ನು ತೋರಿಸಿ, ಇದು ಇಲ್ಲಿಗೆ ಯಾವಾಗ ಬಂತು, ಇದಕ್ಕೆ ಮೊದಲು ಇಲ್ಲಿ ಏನಿತ್ತು ಎಂದು ಅಲ್ಲಿನ ಹಿರಿಯರೊಬ್ಬರನ್ನು ಕೇಳಿ. ಅವರು ಹೇಳಿದ್ದನ್ನು ದಿನಾಂಕದೊಡನೆ ಬರೆದಿಡಿ. ನಿಮ್ಮ ಮಕ್ಕಳು ಅದೇ ಜಾಗಕ್ಕೆ ಹೋದಾಗ ಹೋಲಿಸಿ ನೋಡಲು ಅವರಿಗೆ ಅದು ಬೇಕಾಗುತ್ತದೆ.